ಬುರುಗು

ಕಂಬಳಿ ಚೀಲದಾಗಿಂದ ಬಂದೂಕು ತಗದು ಮೇಜಿನ ಮ್ಯಾಲ ಇಟ್ಲು,
ಜೋಡಿಗೆ ಠಾಣೆದ ಪತ್ರ, ಸಾವಿನ ದಾಖಲಿ, ಲೆಕ್ಕದ ವಹಿ.
"ಹವಾಲ್ದಾರ ಅಡಿವೆಪ್ಪ ಹೊಂಬಳ ಅವರದು ರೀ.
ನಾ ಅವರ ಮಗಳು, ಕಸ್ತೂರಿ.
ಮಾರೂದೈತಿ. ಸ್ವಚ್ಛ ಮಾಡಿ ರೇಟ್ ಹೇಳ್ರಿ."

ದುರ್ಗದ ಬೈಲಿನ ಹಿಂದ, ಬೀಗದ ರಿಪೇರಿಯವನ ಮಗ್ಗಲಕ
ನಮ್ಮ ಅಂಗಡಿ. ಮೂರು ತಲಿ ಆತು.
ಹೆಣ್ಣಮಕ್ಕಳು ಒಳಗ ಬಂದದ್ದು ಕಮ್ಮಿ.
ನನ್ನ ಮಗಳಂತೂ ಬುತ್ತಿ ಡಬ್ಬಿ ಮೆಟ್ಟಲದ ಮ್ಯಾಲಽ ಇಟ್ಟು ಹೋಗತಾಳ,
ನಾನಽ ಹಂಗ ಹೇಳೀನಿ.

ಗದಗಿನ ಬ್ಯಾಂಕಿನ ಬಾಗಲದಾಗ ಇಪ್ಪತ್ತೆರಡು ವರ್ಷ
ಈ ಬಂದೂಕು ನಿಂತಿತ್ತಂತ,
ಅಡಿವೆಪ್ಪ ಅದಕ್ಕ ಒರಗಿ ನಿಂತಿದ್ನಂತ.
"ನಮ್ಮಪ್ಪ ಒಂದು ಗುಂಡೂ ಹಾರಿಸಿಲ್ಲ ನೋಡ್ರಿ.
ತಗೊಂಡದ್ದು ಹತ್ತು, ಇದ್ದದ್ದು ಹತ್ತು."
ವಹಿಯೊಳಗೂ ಹಂಗಽ ಇತ್ತು,
ವರ್ಷಾ ವರ್ಷಾ, ಒಂದಽ ಅಕ್ಷರದಾಗ, ಹತ್ತು, ಹತ್ತು, ಹತ್ತು.

ನಮ್ಮಪ್ಪನ ಕಾಲಕ್ಕ ಕುದಿಯೂ ನೀರು, ಸೀಮಿ ಎಣ್ಣಿ,
ಹಳೇ ಧೋತರದ ಚಿಂದಿ.
ತಿಕ್ಕಿ ತಿಕ್ಕಿ ರಟ್ಟಿ ಬಿದ್ದು ಹೋಗತಿದ್ದು.
ಈಗ ಡಬ್ಬಿ ಬಂದೈತಿ.
ಬೋಲ್ಟ್ ಬಿಚ್ಚಿ, ನಳಗಿ ಬಾಯಿ ಚೂರು ಕೆಳಗ ಮಾಡಿ
ಹಿಂದಿನಿಂದ ಕೊಳವಿ ಇಟ್ಟು ಒತ್ತಿದೆ.
ಸುಸ್ ಅಂತ ಒಳಗ ಹೋತು ಬುರುಗು,
ಈ ತುದಿಯಿಂದ ಆ ತುದಿಗೆ ಹರದು
ಹೊರಗ ಇಣುಕಿತು, ಗಡ್ಡಾ ಬೋಳಸೂ ಸಾಬೂನಿನಂಗ ಬೆಳ್ಳಗ.
ವಾಸನಿ ಮಾತ್ರ ಮೂಗು ಸುಡೂವಂಥಾದ್ದು.

"ಹದಿನೈದು ಮಿನಿಟು ಬಿಡಬೇಕು. ಚಾ ತರಸ್ಲೇನು?"
"ಸಕ್ಕರಿ ಕಮ್ಮಿ ಹೇಳ್ರಿ."

ಬುರುಗಿಗೆ ಒಂದು ಚಾಳಿ ಐತಿ.
ಜಂಗಿನ ಮ್ಯಾಲ ಅದು ಕಂದು ಆಗತೈತಿ, ಮಸಿ ಇದ್ರ ಕರಿ,
ಏನೂ ಇರಲಿಲ್ಲಂದ್ರ ಹೋದಂಗ ಬರತೈತಿ.
ತಾಮ್ರ ಸಿಕ್ರ ಮಾತ್ರ ನೀಲಿ.
ತಾಮ್ರ ಎಲ್ಲಿಂದ ಬರಬೇಕು?
ಗುಂಡಿನ ಮೈಮ್ಯಾಲಿಂದ. ಬ್ಯಾರೆ ದಾರಿ ಇಲ್ಲ.

ಸಲಾಕಿಗೆ ಅರಿವಿ ಸುತ್ತಿ ನೂಕಿದೆ.
ಹೊರಗ ಬಿತ್ತು ಮೊದಲನೇ ತುಂಡು,
ಸಾಲಿ ಹುಡುಗನ ಕಿಸೆದಾಗ ಪೆನ್ನು ಸೋರಿಧಂಗ.

ನಾ ಅದನ್ನ ಮುಷ್ಟ್ಯಾಗ ಮುದ್ದಿ ಮಾಡಿದೆ.
ಸತ್ತವರ ಲೆಕ್ಕ ಕೆದರಬಾರದು.
ಆಕಿ ಚಾದ ಕಪ್ಪು ಕೆಳಗಿಟ್ಲು.
"ಮುಚ್ಚಬ್ಯಾಡ್ರಿ. ನೋಡೀನಿ."

ಆಮ್ಯಾಲ ನಕ್ಕಳು.
"ನಮ್ಮಪ್ಪ ಹಾರಿಸಿಲ್ಲ ಅಂದೆ ರೀ.
ಯಾರೂ ಹಾರಿಸಿಲ್ಲ ಅಂದ್ನೇನು?"

ಹತ್ತನೇತ್ತಾ ಪಾಸಾದಾಗ, ಏನ ಬೇಕವಾ ಅಂತ ಕೇಳಿದ್ನಂತ.
ಗೆಳತ್ಯಾರಿಗೆ ವಾಚು, ಸೈಕಲ್ಲು.
ಈಕಿ ಗ್ವಾಡಿಗೆ ಆನಿಸಿದ್ದರ ಕಡೆ ಬಟ್ಟು ಮಾಡಿ, ಅದು ಅಂದ್ಳಂತ.
ಎರಡು ದಿನ ಮಾತಾಡಲಿಲ್ಲಂತ ಅಡಿವೆಪ್ಪ.
ಮೂರನೇ ದಿನ ಸೂಟಿ ಹಾಕಿ
ಊರ ಹೊರಗಿನ ಕಲ್ಲಿನ ಕ್ವಾರಿಗೆ ಕರಕೊಂಡು ಹೋದ,
ಮಧ್ಯಾನ್ನ ಮದ್ದು ಹಾರಸೂ ಹೊತ್ತಿಗೆ,
ಅಷ್ಟು ಸಪ್ಪಳದಾಗ ಇನ್ನ ಮೂರು ಸಪ್ಪಳ ಯಾರು ಎಣಸತಾರ?
ಕಳದ ಮೂರು ಗುಂಡು ಎಲ್ಲಿಂದ ತಂದು ಹತ್ತು ಮಾಡಿದ್ನೋ,
ಅದು ಅವನ ಸಂಗಾಟ ಹೋತು.

"ತಾಗಿತೇನ?"
"ಒಂದೂ ಇಲ್ಲ. ಸಿಮೆಂಟಿನ ಚೀಲ ನಿಂತಲ್ಲೇ ನಿಂತಿತ್ತು.
ತಾಗಿದ್ದು ನನಗಽ."
ಬಲಭುಜ ಮುಟ್ಟಿಕೊಂಡ್ಳು.
"ಇಲ್ಲಿ. ಹಿಂಗಽ ನೀಲಿ. ಹದಿನೈದು ದಿನ.
ಅವ್ವಗ ಬಚ್ಚಲದಾಗ ಜಾರಿ ಬಿದ್ದೆ ಅಂದೆ."

ಎರಡನೇ ತುಂಡು ತಿಳಿ ನೀಲಿ. ಮೂರನೇದು
ನೀಲಿ ಐತೋ ಇಲ್ಲೋ ಅನ್ನೂವಂಗ.
"ಅಷ್ಟು ಬಿಟ್ಟು ಬಿಡ್ರಿ" ಅಂದ್ಳು.
"ಬಿಟ್ರ ರಾತ್ರಿ ಕೂತು ಕಬ್ಬಿಣಾ ತಿಂತೈತಿ, ತಂಗಿ."
ತಗದೆ. ಎಣ್ಣಿ ಹಾಕಿದೆ.

ಕಿಡಕಿ ಕಡೆ ಹಿಡದು ನಳಗ್ಯಾಗ ಕಣ್ಣಿಟ್ಲು.
"ಒಳಗ ಗೆರಿ ಸುತ್ತಿಕೋಂತ ಹೋಗ್ಯಾವಲ್ರಿ!"
"ಗುಂಡು ತಿರಗಲಿ ಅಂತ."
"ತಿರಗಿದ್ರ?"
"ನೆಟ್ಟಗ ಹೋಗತೈತಿ."
"ಸುಳ್ಳು" ಅಂದ್ಳು, ಕಣ್ಣು ತಗೀಲಿಲ್ಲ.

ನನ್ನ ವಹಿ ತಗದು ಬರದೆ:
ಗುಂಡು ಹತ್ತು. ಹಾರಿಸಿದ್ದು ಸೊನ್ನೆ.
ಸೊನ್ನೆ ಬರಿಯೂ ಮುಂದ
ಉಗುರಿನ ಸಂದ್ಯಾಗ ಹತ್ತಿದ್ದು ಕಾಗದಕ್ಕ ಹತ್ತಿತು.
ಒರಸಿದೆ. ಹರಡಿತು.
ಹೊರಗ ಮೆಟ್ಟಲದ ಮ್ಯಾಲ ಯಾರೋ ಬುತ್ತಿ ಡಬ್ಬಿ ಇಟ್ಟ ಸಪ್ಪಳ.